ಪಾಲು, ವಾಯಿದೆ ಮತ್ತು ಮರುದಾವೆ: ಕೌಟುಂಬಿಕ ಆಸ್ತಿ ವ್ಯಾಜ್ಯಗಳಲ್ಲಿ ಕಾಲದ ಪರಿಕಲ್ಪನೆ

ಕೌಟುಂಬಿಕ ಆಸ್ತಿಯ ವ್ಯಾಜ್ಯಗಳನ್ನು ಇದುವರೆಗೆ ಹೆಚ್ಚಾಗಿ ಕಾನೂನು ವಿದ್ವಾಂಸರೂ ಸಮಾಜಶಾಸ್ತ್ರಜ್ಞರೂ ಅಧ್ಯಯನಕ್ಕೆ ಎತ್ತಿಕೊಂಡಿದ್ದಾರೆ. ಜಾನಪದ ವಿದ್ವಾಂಸರಾದ ನಾವು ದಾಯಾದಿ ಮತ್ಸರವನ್ನು ಕಥನಗಳ ಒಂದು ಆಶಯವೆಂದು ಗುರುತಿಸಿ ಅಲ್ಲಿಗೆ ನಿಲ್ಲಿಸುವುದು ವಾಡಿಕೆ. ಆದರೆ ಪಾಲು ಮಾಡಿಕೊಳ್ಳುವುದು ಸ್ವತಃ ಒಂದು ಜನಪದ ಆಚರಣೆ. ಅದಕ್ಕೆ ತನ್ನದೇ ಆದ ವಿಧಿಯಿದೆ, ಸಾಕ್ಷಿಗಳಿದ್ದಾರೆ, ಭಾಷೆಯಿದೆ, ಸ್ಮೃತಿಯಿದೆ. ಈ ಆಚರಣೆ ನ್ಯಾಯಾಲಯದ ಕಟಕಟೆಗೆ ಬಂದಾಗ ಎರಡು ಪ್ರಶ್ನೆಗಳಿಗೆ ಉತ್ತರ ಕೊಡಬೇಕಾಗುತ್ತದೆ. ಪಾಲು ಕೇಳುವ ಹಕ್ಕು ಎಷ್ಟು ವರ್ಷ ಬದುಕಿರುತ್ತದೆ? ಒಮ್ಮೆ ತೀರ್ಮಾನವಾದ ಪಾಲನ್ನು ಮತ್ತೆ ಕೇಳಬಹುದೆ? ಊರಿನ ಪರಂಪರೆ ಈ ಪ್ರಶ್ನೆಗಳಿಗೆ ಕೊಡುವ ಉತ್ತರ ಒಂದು, ಅಧಿನಿಯಮಗಳು ಕೊಡುವ ಉತ್ತರ ಇನ್ನೊಂದು. ಇವೆರಡರ ನಡುವಿನ ಅಂತರವೇ ಕರ್ನಾಟಕದ ಎಷ್ಟೋ ಮನೆತನಗಳಲ್ಲಿ ಅಜ್ಜ ಹೂಡಿದ ದಾವೆಯನ್ನು ಮೊಮ್ಮಗ ನಡೆಸುವಂತೆ ಮಾಡಿದೆ. ಆ ಅಂತರವನ್ನು ವಿವರಿಸುವುದು ಪ್ರಸ್ತುತ ಲೇಖನದ ಉದ್ದೇಶ.

ಮೊದಲಿಗೆ ಪದಗಳನ್ನೇ ನೋಡಬಹುದು. ‘ದಾಯಾದಿ’ ಎಂದರೆ ದಾಯವನ್ನು, ಅಂದರೆ ಪಿತ್ರಾರ್ಜಿತವನ್ನು, ಪಡೆಯುವವನು. ಆಡುಮಾತಿನಲ್ಲಿ ಈ ಪದ ವೈರಿಯ ಪರ್ಯಾಯವಾಗಿದೆ. ಹಕ್ಕಿನ ಪದವೇ ಹಗೆಯ ಪದವಾದುದು ಆಕಸ್ಮಿಕವಲ್ಲ. ಹಳೆಯ ಮೈಸೂರು ಸೀಮೆಯಲ್ಲಿ ಪಂಚಾಯಿತಿದಾರರ ಮುಂದೆ ಬರೆದ ಪಾಲುಪತ್ರಕ್ಕೆ ‘ಪಾರೀಖತ್ತು’ ಎನ್ನುತ್ತಾರೆ. ಬಿಡುಗಡೆಯ ಪತ್ರ ಎಂಬ ಅರ್ಥದ ಪಾರಸಿ ಮೂಲದ ಮಾತು ಅದು. ಬೆಳಗಾವಿ ಕಡೆ ಮರಾಠಿಯ ಸಂಪರ್ಕದಿಂದ ‘ವಾಟಣಿ’ ಬಳಕೆಯಲ್ಲಿದೆ. ‘ಹಿಸ್ಸೆ’ ಎಲ್ಲ ಕಡೆ ಇದೆ. ‘ವಾಯಿದೆ’ ಎಂಬ ಪದವಂತೂ ಇನ್ನೂ ಕುತೂಹಲಕರ. ಅರಬ್ಬಿಯಲ್ಲಿ ಮಾತು ಕೊಡುವುದು ಎಂಬ ಅರ್ಥದ ಈ ಪದ ಕನ್ನಡದಲ್ಲಿ ಗಡುವು ಎಂದಾಗಿದೆ. ಕೋರ್ಟಿಗೆ ಅಲೆಯುವ ಕಕ್ಷಿದಾರನ ಬಾಯಲ್ಲಿ ‘ವಾಯಿದೆ ಬಿತ್ತು’ ಎಂದರೆ ವಿಚಾರಣೆ ಮುಂದಕ್ಕೆ ಹೋಯಿತು ಎಂದು; ವಕೀಲರ ಬಾಯಲ್ಲಿ ‘ವಾಯಿದೆ ಮೀರಿದೆ’ ಎಂದರೆ ದಾವೆಯೇ ಸತ್ತಿದೆ ಎಂದು. ಒಂದೇ ಪದ ಒಂದು ಕಡೆ ಕಾಲವನ್ನು ಹಿಗ್ಗಿಸುತ್ತದೆ, ಇನ್ನೊಂದು ಕಡೆ ಕಡಿದುಹಾಕುತ್ತದೆ.

ಶಾಸ್ತ್ರದಲ್ಲಿ ಕಾಲ

ಹಿಂದೂ ಅವಿಭಕ್ತ ಕುಟುಂಬದ ಆಸ್ತಿಯ ವಿಚಾರದಲ್ಲಿ ಬಂಗಾಳ, ಅಸ್ಸಾಂಗಳನ್ನು ಬಿಟ್ಟರೆ ಭಾರತದ ಬಹುಭಾಗಕ್ಕೆ ಆಧಾರವಾದ ಗ್ರಂಥ ಹುಟ್ಟಿದ್ದು ಕರ್ನಾಟಕದಲ್ಲಿ. ಚಾಲುಕ್ಯ ಚಕ್ರವರ್ತಿ ಆರನೆಯ ವಿಕ್ರಮಾದಿತ್ಯನ (1076-1126) ಕಾಲದಲ್ಲಿ ಕಲ್ಯಾಣದಲ್ಲಿದ್ದ ವಿಜ್ಞಾನೇಶ್ವರನು ಯಾಜ್ಞವಲ್ಕ್ಯ ಸ್ಮೃತಿಗೆ ಬರೆದ ಮಿತಾಕ್ಷರಾ ವ್ಯಾಖ್ಯಾನವೇ ಅದು. ಹುಟ್ಟಿನಿಂದಲೇ ಮಗನಿಗೆ ಪಿತ್ರಾರ್ಜಿತದಲ್ಲಿ ಹಕ್ಕು ಬರುತ್ತದೆ ಎಂಬ ಅದರ ಸಿದ್ಧಾಂತ ಎಲ್ಲರಿಗೂ ತಿಳಿದದ್ದು. ಅಷ್ಟಾಗಿ ಗಮನಕ್ಕೆ ಬಾರದಿರುವುದು ಅದರ ವ್ಯವಹಾರ ಭಾಗದಲ್ಲಿರುವ ಕಾಲಚಿಂತನೆ.

ತನ್ನ ಭೂಮಿಯನ್ನು ಪರನೊಬ್ಬನು ಅನುಭವಿಸುತ್ತಿರುವುದನ್ನು ಕಣ್ಣಾರೆ ಕಂಡೂ ಮಾತಾಡದೆ 20 ವರ್ಷ ಸುಮ್ಮನಿದ್ದವನಿಗೆ ಹಾನಿಯಾಗುತ್ತದೆ, ಚರಸ್ವತ್ತಾದರೆ 10 ವರ್ಷ ಸಾಕು ಎಂಬ ನಿಯಮ ಯಾಜ್ಞವಲ್ಕ್ಯ ಸ್ಮೃತಿಯಲ್ಲಿದೆ. ಒತ್ತೆಯಿಟ್ಟದ್ದು, ಎಲ್ಲೆಗೆ ಸಂಬಂಧಿಸಿದ್ದು, ನಂಬಿ ಕೊಟ್ಟ ನಿಕ್ಷೇಪ, ಬಾಲಕರ ಮತ್ತು ಬುದ್ಧಿಹೀನರ ಸ್ವತ್ತು, ಸ್ತ್ರೀಯರ ಸ್ವತ್ತು ಮುಂತಾದವಕ್ಕೆ ಈ ನಿಯಮದಿಂದ ವಿನಾಯಿತಿಯೂ ಇದೆ. ವಿಜ್ಞಾನೇಶ್ವರನು ಹಾನಿ ಎಂಬುದನ್ನು ಬಿಗಿಯಾಗಿ ಅರ್ಥೈಸುತ್ತಾನೆ. ಸುಮ್ಮನಿದ್ದವನು ಕಳೆದುಕೊಳ್ಳುವುದು ಅಷ್ಟು ಕಾಲದ ಫಲವನ್ನು ಮಾತ್ರ; ಭೂಮಿಯನ್ನಲ್ಲ ಎಂಬುದು ಅವನ ನಿಲುವು. ಕಾಲವೊಂದೇ ಒಡೆತನವನ್ನು ಅಳಿಸಲಾರದು ಎಂಬ ಈ ವಾದವನ್ನು ನಮ್ಮ ಹಳ್ಳಿಗಳ ಹಿರಿಯರು ಯಾವ ಗ್ರಂಥವನ್ನೂ ಓದದೆ ಇಂದಿಗೂ ಆಡುತ್ತಾರೆ. ‘ಉಂಡದ್ದು ಉಂಡಾಯಿತು, ಮಣ್ಣು ಮಾತ್ರ ನಮ್ಮದು’ ಎಂಬರ್ಥದ ಮಾತುಗಳು ಪಂಚಾಯಿತಿ ಕಟ್ಟೆಗಳಲ್ಲಿ ಸಾಮಾನ್ಯ.

ಮೇಲಿನ ನಿಯಮದಲ್ಲಿ ‘ಪರನು’ ಎಂಬ ಮಾತಿಗೆ ಒತ್ತಿದೆ. ರಕ್ತಸಂಬಂಧಿಗಳೂ ಬಂಧುಗಳೂ ಅನುಭವಿಸಿದ ಮಾತ್ರಕ್ಕೆ ಒಡೆತನ ಸಿದ್ಧಿಸದು ಎಂದು ಸ್ಮೃತಿಗಳಲ್ಲಿ ಬೇರೆಯಾಗಿಯೇ ಹೇಳಿದೆ. ಬೃಹಸ್ಪತಿಯ ಹೆಸರಿನಲ್ಲಿ ಬರುವ ನಿಯಮ ಇನ್ನೂ ಮುಂದೆ ಹೋಗುತ್ತದೆ. ಪರದೇಶಕ್ಕೆ ಹೋದವನ ಸಂತತಿಯವನು ಮೂರನೆಯ, ಐದನೆಯ, ಏಳನೆಯ ತಲೆಮಾರಿನವನಾದರೂ ಸರಿ, ಅವನ ಹುಟ್ಟು ಮತ್ತು ಹೆಸರು ಖಚಿತವಾದರೆ ಪಾಲು ಸಲ್ಲಬೇಕು. ಏಳು ತಲೆಮಾರು ಎಂದರೆ ಸುಮಾರು ಒಂದೂವರೆ ಶತಮಾನ. ಇಂದಿನ ಯಾವ ನ್ಯಾಯಾಲಯವೂ ಊಹಿಸಲಾರದ ಗಡುವು ಇದು.

ಹಾಗೆಂದು ಶಾಸ್ತ್ರಕಾರರು ಕೊನೆಯಿಲ್ಲದ ವ್ಯಾಜ್ಯವನ್ನು ಒಪ್ಪಿದ್ದರು ಎನ್ನುವಂತಿಲ್ಲ. ಪಾಲು ಬೀಳುವುದು ಒಂದೇ ಸಲ ಎಂಬುದು ಮನುವಿನ ನಿಲುವು. ಪ್ರತಿವಾದಿ ಕೊಡಬಹುದಾದ ನಾಲ್ಕು ಬಗೆಯ ಉತ್ತರಗಳಲ್ಲಿ ‘ಪ್ರಾಙ್‌ನ್ಯಾಯ’ ಒಂದು: ಈ ವಿಷಯ ಹಿಂದೆಯೇ ನಿರ್ಣಯವಾಗಿದೆ, ಇವನು ಆಗಲೇ ಸೋತಿದ್ದಾನೆ ಎಂದು ಹೇಳುವುದು. ಗೆದ್ದವನಿಗೆ ಕೊಡುತ್ತಿದ್ದ ಜಯಪತ್ರ ಅದಕ್ಕೆ ಸಾಧನ. ನ್ಯಾಯವಾಗಿಯೇ ಸೋತಿದ್ದರೂ ತಾನು ಸೋತಿಲ್ಲವೆಂದು ತಿಳಿದು ಮತ್ತೆ ಬಂದವನನ್ನು ಪುನಃ ಸೋಲಿಸಿ ಎರಡರಷ್ಟು ದಂಡ ಹಾಕಬೇಕೆಂದು ಯಾಜ್ಞವಲ್ಕ್ಯ ಹೇಳುತ್ತಾನೆ. ಈ ನಿಯಮದ ಮನೋಧರ್ಮ ಗಮನಾರ್ಹ. ಮರುದಾವೆಯ ಬಾಗಿಲನ್ನು ಅದು ಮುಚ್ಚುವುದಿಲ್ಲ. ಬಾಗಿಲಿನ ಸುಂಕವನ್ನು ದುಬಾರಿ ಮಾಡುತ್ತದೆ. ಪಾಲಿನ ನಂತರ ಬಚ್ಚಿಟ್ಟ ಸ್ವತ್ತು ಬೆಳಕಿಗೆ ಬಂದರೆ ಅದನ್ನು ಸಮನಾಗಿ ಹಂಚಬೇಕೆಂಬ ವಿಧಿಯೂ ಅಲ್ಲಿದೆ.

ಎಚ್.ಟಿ. ಕೋಲ್‌ಬ್ರೂಕ್ 1810ರಲ್ಲಿ ಇಂಗ್ಲಿಷಿಗೆ ತಂದದ್ದು ಮಿತಾಕ್ಷರೆಯ ದಾಯವಿಭಾಗವನ್ನು. ಯಾರಿಗೆ ಎಷ್ಟು ಪಾಲು ಎಂಬುದನ್ನು ಬ್ರಿಟಿಷ್ ನ್ಯಾಯಾಲಯಗಳು ಅದರಿಂದ ತೆಗೆದುಕೊಂಡವು. ಎಷ್ಟು ಕಾಲದೊಳಗೆ ಕೇಳಬೇಕು, ಎಷ್ಟು ಸಲ ಕೇಳಬಹುದು ಎಂಬುದನ್ನು ಮಾತ್ರ ತಮ್ಮದೇ ಶಾಸನಗಳಿಂದ ನಿರ್ಧರಿಸಿದವು. ಕಾಲಪರಿಮಿತಿಯ ಮೊದಲ ವ್ಯಾಪಕ ಶಾಸನ 1859ರದು. 1871, 1877, 1908ರ ಶಾಸನಗಳ ಬಳಿಕ ಈಗ ಜಾರಿಯಲ್ಲಿರುವುದು 1963ರ ಕಾಲಪರಿಮಿತಿ ಅಧಿನಿಯಮ. ಹಕ್ಕು ಒಂದು ಪರಂಪರೆಯದು, ಗಡಿಯಾರ ಇನ್ನೊಂದು ಪರಂಪರೆಯದು. ನಮ್ಮ ಪಾಲಿನ ವ್ಯಾಜ್ಯಗಳ ವಿಚಿತ್ರಗಳಿಗೆಲ್ಲ ಬೇರು ಇಲ್ಲಿದೆ ಎಂದು ನನ್ನ ಅಭಿಪ್ರಾಯ.

ತುಳುನಾಡಿನ ಅಳಿಯಸಂತಾನದ ಕುಟುಂಬಗಳ ಕತೆ ಬೇರೆ. ಭೂತದ ಬಲಿಗೆ ತನ್ನ ಮಗನನ್ನು ಕೊಡಲು ರಾಜನ ಹೆಂಡತಿ ಒಪ್ಪದಿದ್ದಾಗ ಅವನ ತಂಗಿ ತನ್ನ ಮಗನನ್ನು ಒಪ್ಪಿಸಿದಳು, ಆ ಸೋದರಳಿಯನೇ ಭೂತಾಳ ಪಾಂಡ್ಯನಾಗಿ ಈ ಕಟ್ಟನ್ನು ಜಾರಿಗೆ ತಂದನು ಎಂಬ ಐತಿಹ್ಯ ಅದರ ಸಮರ್ಥನೆಗೆ ನಿಂತಿದೆ. ಇತಿಹಾಸಕಾರರು ಈ ಐತಿಹ್ಯವನ್ನು ಚಾರಿತ್ರಿಕವೆಂದು ಒಪ್ಪುವುದಿಲ್ಲ. ಆದರೆ ಹಕ್ಕಿಗೆ ಕತೆಯೇ ದಾಖಲೆಯಾಗುವ ಬಗೆಗೆ ಇದಕ್ಕಿಂತ ಒಳ್ಳೆಯ ನಿದರ್ಶನ ಸಿಗದು. ಕುಟುಂಬದ ಆಸ್ತಿ ಒಡೆಯಬಾರದು ಎಂಬುದೇ ಅಲ್ಲಿನ ಮೂಲನಿಯಮವಾಗಿದ್ದುದರಿಂದ ಪಾಲಿನ ಗಡುವಿನ ಪ್ರಶ್ನೆ ಬಹುಕಾಲ ಏಳಲೇ ಇಲ್ಲ. 1949ರ ಮದರಾಸು ಅಳಿಯಸಂತಾನ ಅಧಿನಿಯಮ ಕವರುಗಳಿಗೆ ಪಾಲು ಕೇಳುವ ಹಕ್ಕು ಕೊಟ್ಟ ಮೇಲೆ ಅಲ್ಲಿಯೂ ದಾವೆಗಳು ಮೊದಲಾದವು.

ಗಡಿಯಾರ ಎಂದಿನಿಂದ?

1963ರ ಅಧಿನಿಯಮದಲ್ಲಿ ಪಾಲಿಗೆ ಸಂಬಂಧಿಸಿದ ಮುಖ್ಯ ನಿಯಮ 110ನೆಯ ಅನುಚ್ಛೇದ. ಅವಿಭಕ್ತ ಕುಟುಂಬದ ಆಸ್ತಿಯಿಂದ ಹೊರಗಿಡಲ್ಪಟ್ಟವನು ತನ್ನ ಪಾಲಿಗಾಗಿ 12 ವರ್ಷದೊಳಗೆ ದಾವೆ ಹೂಡಬೇಕು. ಹನ್ನೆರಡು ವರ್ಷ ಎಂದಿನಿಂದ? ಹೊರಗಿಟ್ಟದ್ದು ಅವನಿಗೆ ತಿಳಿದ ದಿನದಿಂದ. ತಂದೆ ಸತ್ತ ದಿನದಿಂದ ಅಲ್ಲ, ಅಣ್ಣ ಖಾತೆ ಮಾಡಿಸಿಕೊಂಡ ದಿನದಿಂದಲೂ ಅಲ್ಲ. ಜನಸಾಮಾನ್ಯರಲ್ಲಿ ‘ಹನ್ನೆರಡು ವರ್ಷ ಉಂಡರೆ ಉಂಡವನದೇ’ ಎಂಬ ನಂಬಿಕೆ ಗಟ್ಟಿಯಾಗಿದೆ. ಕಾನೂನು ಅಷ್ಟು ಸರಳವಾಗಿಲ್ಲ. ಸಹ ಒಡೆಯರಲ್ಲಿ ಒಬ್ಬನ ಸ್ವಾಧೀನ ಎಲ್ಲರ ಸ್ವಾಧೀನ. ಒಬ್ಬ ತಮ್ಮ ಬೆಂಗಳೂರಿನಲ್ಲಿ ನೌಕರಿ ಹಿಡಿದು ಮೂವತ್ತು ವರ್ಷ ಊರಿಗೆ ಬಾರದಿದ್ದರೂ ಅಣ್ಣ ಉಳುತ್ತಿದ್ದುದು ಅವನ ಪರವಾಗಿಯೂ ಎಂದೇ ಭಾವಿಸಲಾಗುತ್ತದೆ. ಅವನ ಹಕ್ಕನ್ನು ಬಹಿರಂಗವಾಗಿ, ಅವನಿಗೆ ತಿಳಿಯುವಂತೆ ನಿರಾಕರಿಸಿ ಒಬ್ಬನೇ ಅನುಭವಿಸಿದ್ದರೆ ಮಾತ್ರ ಪ್ರತಿಕೂಲ ಸ್ವಾಧೀನದ ಲೆಕ್ಕ ಶುರುವಾಗುತ್ತದೆ. ಸರ್ವೋಚ್ಚ ನ್ಯಾಯಾಲಯ 1956ರಲ್ಲಿ ಪಿ. ಲಕ್ಷ್ಮಿ ರೆಡ್ಡಿ ಪ್ರಕರಣದಲ್ಲಿ ಇದನ್ನು ಸ್ಪಷ್ಟಪಡಿಸಿತು. ಬಂಧುಗಳ ಅನುಭವದಿಂದ ಒಡೆತನ ಸಿದ್ಧಿಸದೆಂಬ ಸ್ಮೃತಿವಾಕ್ಯಕ್ಕೂ ಈ ನಿಲುವಿಗೂ ಹೆಚ್ಚು ದೂರವಿಲ್ಲ.

ಹಾಗಾದರೆ ಹೊರಗಿಟ್ಟದ್ದು ‘ತಿಳಿಯುವುದು’ ಎಂದರೇನು? ಜಾನಪದ ಅಧ್ಯಯನಕ್ಕೆ ಇಲ್ಲಿ ನಿಜವಾದ ಕೆಲಸವಿದೆ. ಅಣ್ಣತಮ್ಮಂದಿರಲ್ಲಿ ನಿರಾಕರಣೆ ಜಗಳವಾಗಿ ಕಾಣಿಸಿಕೊಳ್ಳುತ್ತದೆ; ಊರೇ ಅದಕ್ಕೆ ಸಾಕ್ಷಿ. ಮದುವೆಯಾಗಿ ಹೋದ ಹೆಣ್ಣುಮಗಳ ವಿಷಯದಲ್ಲಿ ಹಾಗಲ್ಲ. ಅವಳನ್ನು ಗೌರಿ ಹಬ್ಬಕ್ಕೆ ಕರೆಯುತ್ತಾರೆ, ಬಾಗಿನ ಕೊಡುತ್ತಾರೆ, ಬಾಣಂತನಕ್ಕೆ ಕರೆತರುತ್ತಾರೆ, ಸುಗ್ಗಿಯಲ್ಲಿ ಒಂದು ಮೂಟೆ ರಾಗಿಯೋ ಜೋಳವೋ ಮುಟ್ಟಿಸುತ್ತಾರೆ. ಕೆಲವೆಡೆ ಅರಿಸಿನ ಕುಂಕುಮಕ್ಕೆಂದು ತುಂಡು ಭೂಮಿ ಬಿಡುವ ಪದ್ಧತಿಯೂ ಇದೆ. ಇವುಗಳನ್ನು ಸೋದರರು ಪ್ರೀತಿಯ ಕೊಡುಗೆ ಎನ್ನುತ್ತಾರೆ; ಅವಳು ತನಗೆ ಸಲ್ಲಬೇಕಾದದ್ದು ಎಂದು ಭಾವಿಸಿರಬಹುದು. ಈ ಕೊಡುಕೊಳೆ ನಡೆಯುತ್ತಿರುವಷ್ಟು ಕಾಲ ಅವಳು ಹೊರಗಿಡಲ್ಪಟ್ಟಿದ್ದಾಳೆಯೇ? ಕರೆ ನಿಂತ ವರ್ಷವೇ ಅವಳಿಗೆ ತಿಳಿದ ವರ್ಷವೇ? ಪಾಟೀಸವಾಲಿನಲ್ಲಿ ವಕೀಲರು ಕೇಳುವ ‘ಕಡೆಯ ಸಲ ತವರಿಗೆ ಹೋಗಿದ್ದು ಯಾವಾಗ?’ ಎಂಬ ಪ್ರಶ್ನೆಯ ಹಿಂದೆ ಇರುವುದು ಈ ಲೆಕ್ಕವೇ. ಹಬ್ಬದ ಕರೆಯೊಂದು ಕಾಲಪರಿಮಿತಿಯ ಸಾಕ್ಷ್ಯವಾಗಬಲ್ಲದು ಎಂಬುದನ್ನು ತವರಿನ ಹಾಡುಗಳನ್ನು ಸಂಗ್ರಹಿಸುವ ನಮ್ಮಲ್ಲಿ ಎಷ್ಟು ಮಂದಿ ಯೋಚಿಸಿದ್ದೇವೆ?

ತಂದೆ ಮಾರಿದ ಪಿತ್ರಾರ್ಜಿತವನ್ನು ಪ್ರಶ್ನಿಸುವ ಮಗನಿಗೆ 109ನೆಯ ಅನುಚ್ಛೇದದಂತೆ, ಕೊಂಡವನು ಸ್ವಾಧೀನಕ್ಕೆ ಬಂದ ದಿನದಿಂದ 12 ವರ್ಷ. ಅಪ್ರಾಪ್ತನ ಸ್ವಂತ ಸ್ವತ್ತನ್ನು ಪೋಷಕ ಮಾರಿದ್ದರೆ 60ನೆಯ ಅನುಚ್ಛೇದದಂತೆ ಪ್ರಾಯಕ್ಕೆ ಬಂದ ಮೇಲೆ 3 ವರ್ಷ. ಒಂದೇ ಕ್ರಯಪತ್ರ ಯಾವ ಅನುಚ್ಛೇದಕ್ಕೆ ಒಳಪಡುತ್ತದೆ ಎಂಬುದರ ಮೇಲೆಯೇ ಎಷ್ಟೋ ದಾವೆಗಳ ಸೋಲುಗೆಲವು ನಿಂತಿದೆ. ಗಡುವಿನ ಎಣಿಕೆ ಶುರುವಾಗುವಾಗ ಅಪ್ರಾಪ್ತನಾಗಿದ್ದವನಿಗೆ 6 ಮತ್ತು 8ನೆಯ ಕಲಮುಗಳು ರಿಯಾಯಿತಿ ಕೊಡುತ್ತವೆಯಾದರೂ ಅದು ಪ್ರಾಯಕ್ಕೆ ಬಂದ ಬಳಿಕ ಮೂರು ವರ್ಷ ಮೀರುವುದಿಲ್ಲ. ಮೇಲ್ಮನವಿ ತಡವಾದರೆ 5ನೆಯ ಕಲಮಿನಂತೆ ವಿಳಂಬವನ್ನು ಮನ್ನಿಸಬಹುದು. ಮೂಲ ದಾವೆಯೇ ತಡವಾದರೆ ಅದನ್ನು ಮನ್ನಿಸುವ ಅಧಿಕಾರ ನ್ಯಾಯಾಲಯಕ್ಕಿಲ್ಲ. ಎದುರಾಳಿ ಆಕ್ಷೇಪಿಸದಿದ್ದರೂ ಗಡುವು ಮೀರಿದ ದಾವೆಯನ್ನು ವಜಾ ಮಾಡಲೇಬೇಕೆಂದು 3ನೆಯ ಕಲಂ ಹೇಳುತ್ತದೆ. ಸ್ವಾಧೀನದ ದಾವೆಗೆ ಇದ್ದ ಗಡುವು ಮುಗಿದರೆ ಹಕ್ಕೇ ನಶಿಸುತ್ತದೆಂದು 27ನೆಯ ಕಲಂ ಸಾರುತ್ತದೆ. ವಿಜ್ಞಾನೇಶ್ವರನು ಒಪ್ಪದಿದ್ದ ಮಾತು ಇದೇ.

ಕಾಲವನ್ನು ಅಳೆಯುವ ಕೋಲೇ ಬೇರೆಯಾದಾಗ ಏನಾಗುತ್ತದೆ ಎಂಬುದಕ್ಕೆ ಮಹಾಭಾರತದಲ್ಲಿ ಒಂದು ಪ್ರಸಂಗವಿದೆ. ಪಾಂಡವರ ಅಜ್ಞಾತವಾಸ ಮುಗಿಯುವ ಮೊದಲೇ ಅರ್ಜುನ ಕಾಣಿಸಿಕೊಂಡನೆಂದು ದುರ್ಯೋಧನ ವಾದಿಸುತ್ತಾನೆ. ಐದು ವರ್ಷಕ್ಕೆ ಎರಡು ಅಧಿಕಮಾಸಗಳು ಸೇರುತ್ತವೆಂದು ಲೆಕ್ಕ ಹಾಕಿ ಅವಧಿ ಪೂರ್ಣವಾಗಿದೆ ಎಂದು ಭೀಷ್ಮ ತೀರ್ಪು ಕೊಡುತ್ತಾನೆ. ದಾಯಾದಿ ವ್ಯಾಜ್ಯದಲ್ಲಿ ಗಡುವಿನ ಗಣನೆಯ ಬಗ್ಗೆ ನಮ್ಮ ಪರಂಪರೆಯಲ್ಲಿರುವ ಅತ್ಯಂತ ಪ್ರಸಿದ್ಧ ವಾದ ಬಹುಶಃ ಇದೇ. ಮಳೆಗಾಗಿ ವಿರಾಟಪರ್ವವನ್ನು ಓದಿಸುವ ನಮ್ಮ ಹಳ್ಳಿಗಳ ಜನರಿಗೆ ಈ ಲೆಕ್ಕ ಅಪರಿಚಿತವಲ್ಲ. ಇಂದಿನ ಅಧಿನಿಯಮ ಈ ಗೊಂದಲಕ್ಕೆ ಎಡೆಗೊಡುವುದಿಲ್ಲ. ಎಲ್ಲ ಪತ್ರಗಳನ್ನೂ ಗ್ರೆಗೋರಿಯನ್ ಪಂಚಾಂಗಕ್ಕೆ ಅನುಸಾರವಾಗಿ ಬರೆದವೆಂದು ಭಾವಿಸಬೇಕೆಂದು 24ನೆಯ ಕಲಮಿನಲ್ಲಿ ಹೇಳಿದೆ. ಆದರೆ ಸಾಕ್ಷಿಯ ನೆನಪು ಯಾವ ಪಂಚಾಂಗದ್ದು? ವೃದ್ಧ ಸಾಕ್ಷಿಯೊಬ್ಬರು ಪಾಲಾದ ಕಾಲವನ್ನು ಬರದ ವರ್ಷ, ಕೆರೆ ಒಡೆದ ವರ್ಷ, ದೊಡ್ಡ ಮಗಳ ಮದುವೆಯ ಹಿಂದಿನ ವರ್ಷ ಎಂದು ಹೇಳುತ್ತಾರೆ. ಹಳೆಯ ಪಾಲುಪಟ್ಟಿಗಳಲ್ಲಿ ಸಂವತ್ಸರದ ಹೆಸರಿರುತ್ತದೆ. ಪರಾಭವ ಸಂವತ್ಸರ ಎಂದರೆ 1906-07ರದೂ ಆಗಬಹುದು, 1966-67ರದೂ ಆಗಬಹುದು. ಅರವತ್ತು ವರ್ಷಕ್ಕೊಮ್ಮೆ ಮರಳುವ ಕಾಲವನ್ನು ಒಮ್ಮೆ ಹೋದರೆ ಮರಳದ ಕಾಲಕ್ಕೆ ಹೊಂದಿಸುವ ಕೆಲಸವನ್ನು ನ್ಯಾಯಾಧೀಶರು ಪ್ರತಿದಿನ ಮಾಡುತ್ತಿದ್ದಾರೆ.

ಮುಗಿಯದ ದಾವೆ

ಒಮ್ಮೆ ನಿರ್ಣಯವಾದ ವಿಷಯವನ್ನು ಅದೇ ಕಕ್ಷಿದಾರರ ನಡುವೆ ಮತ್ತೆ ವಿಚಾರಿಸಬಾರದು ಎಂಬ ತತ್ತ್ವ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 11ನೆಯ ಕಲಮಿನಲ್ಲಿದೆ. ‘ರೆಸ್ ಜುಡಿಕೇಟಾ’ ಎಂದು ಕರೆಯುವ ಇದು ಪ್ರಾಙ್‌ನ್ಯಾಯದ ಸೋದರ ಪರಿಕಲ್ಪನೆ. ಹಿಂದಿನ ದಾವೆಯಲ್ಲಿ ಎತ್ತಬಹುದಾಗಿದ್ದ ಮತ್ತು ಎತ್ತಬೇಕಾಗಿದ್ದ ವಾದವನ್ನು ಎತ್ತದೆ ಬಿಟ್ಟಿದ್ದರೆ ಅದೂ ತೀರ್ಮಾನವಾದಂತೆ ಎಂದು ಅದರ ನಾಲ್ಕನೆಯ ವಿವರಣೆ ಹೇಳುತ್ತದೆ. ಒಂದು ವ್ಯಾಜ್ಯಕಾರಣದಿಂದ ಹುಟ್ಟುವ ಎಲ್ಲ ಪರಿಹಾರಗಳನ್ನೂ ಒಂದೇ ದಾವೆಯಲ್ಲಿ ಕೇಳಬೇಕೆಂದು 2ನೆಯ ಆದೇಶದ 2ನೆಯ ನಿಯಮ ವಿಧಿಸುತ್ತದೆ. ಇಷ್ಟು ಬಿಗಿ ಇದ್ದೂ ಪಾಲಿನ ದಾವೆಗಳು ಮರುಕಳಿಸುವುದೇಕೆ?

ಪಾಲಿನ ದಾವೆಯ ಸ್ವರೂಪವೇ ಇದಕ್ಕೆ ಮುಖ್ಯ ಕಾರಣ. ಸಾಲದ ದಾವೆಯಲ್ಲಿ ವಾದಿ ಒಬ್ಬ, ಪ್ರತಿವಾದಿ ಒಬ್ಬ. ಪಾಲಿನ ದಾವೆಯಲ್ಲಿ ಪ್ರತಿಯೊಬ್ಬನೂ ಏಕಕಾಲಕ್ಕೆ ವಾದಿಯೂ ಹೌದು, ಪ್ರತಿವಾದಿಯೂ ಹೌದು. ಆಸ್ತಿ ಜಂಟಿಯಾಗಿ ಉಳಿದಿರುವಷ್ಟು ಕಾಲ ಪಾಲು ಕೇಳುವ ಕಾರಣ ದಿನದಿನವೂ ಹೊಸದಾಗಿ ಹುಟ್ಟುತ್ತದೆ. ಆದುದರಿಂದ ವಾದಿ ಗೈರುಹಾಜರಾಗಿ ಹಿಂದಿನ ದಾವೆ ವಜಾ ಆಗಿದ್ದರೂ ಸಾಮಾನ್ಯವಾಗಿ ಹೊಸ ದಾವೆಗೆ ಅಡ್ಡಿಯಿರದು. ಅನೇಕ ಮನೆಗಳಲ್ಲಿ ಮೊದಲು ಹೂಡುವುದು ಬರಿಯ ತಡೆಯಾಜ್ಞೆಯ ದಾವೆಯನ್ನು. ಅದರಲ್ಲಿ ಬರುವ ಸ್ವಾಧೀನದ ತೀರ್ಮಾನ ಹಕ್ಕಿನ ಪ್ರಶ್ನೆಯನ್ನು ಮುಗಿಸಿರುವುದಿಲ್ಲ. ಖಾತೆ, ಪಹಣಿಗಳ ತಕರಾರು ತಹಸೀಲ್ದಾರರಿಂದ ಉಪವಿಭಾಗಾಧಿಕಾರಿಯ ತನಕ ಹೋಗಿ ಬಂದರೂ ಅದರಿಂದ ಹಕ್ಕು ನಿರ್ಣಯವಾಗುವುದಿಲ್ಲ. ಕಂದಾಯದ ನಮೂದು ಒಡೆತನವನ್ನು ಸೃಷ್ಟಿಸದು ಎಂಬುದು ಸ್ಥಿರವಾದ ಕಾನೂನು. ಹೀಗೆ ಒಂದೇ ಜಗಳ ಮೂರು ಕಚೇರಿಗಳಲ್ಲಿ ಮೂರು ಹೆಸರು ಪಡೆಯುತ್ತದೆ. ಊರಿನವರ ದೃಷ್ಟಿಯಲ್ಲಿ ಅದು ಒಂದೇ ಖಟ್ಲೆ, ಕಾನೂನಿನ ದೃಷ್ಟಿಯಲ್ಲಿ ಮೂರು.

ಗೆದ್ದ ಮೇಲೂ ಕೊನೆಯಿಲ್ಲ. ಪಾಲಿನ ದಾವೆಯಲ್ಲಿ ಮೊದಲು ಬರುವುದು ಪ್ರಾಥಮಿಕ ಡಿಕ್ರಿ: ಯಾರಿಗೆ ಎಷ್ಟು ಅಂಶ ಎಂಬ ಘೋಷಣೆ. ಯಾವ ಹೊಲದ ಯಾವ ಭಾಗ ಎಂಬುದು ಅಂತಿಮ ಡಿಕ್ರಿಯಲ್ಲಿ. ಕಂದಾಯ ತೆರುವ ಜಮೀನಾದರೆ ಹಂಚಿಕೆ 54ನೆಯ ಕಲಮಿನಂತೆ ಆಗಬೇಕು. ಅಂತಿಮ ಡಿಕ್ರಿಗೆ ಅರ್ಜಿ ಹಾಕಲು ಗಡುವೇ ಇಲ್ಲವೆಂದು ಶುಭ್‌ಕರಣ್ ಬುಬ್ನಾ ಪ್ರಕರಣದಲ್ಲಿ 2009ರಲ್ಲಿ ಸರ್ವೋಚ್ಚ ನ್ಯಾಯಾಲಯ ಹೇಳಿತು. ದಾವೆಯನ್ನು ಈ ರೀತಿ ಎರಡು ತುಂಡಾಗಿ ನಡೆಸುವುದರಿಂದ ಆಗುವ ವಿಳಂಬದ ಬಗ್ಗೆ ಅದೇ ತೀರ್ಪಿನಲ್ಲಿ ಕಳವಳವನ್ನೂ ವ್ಯಕ್ತಪಡಿಸಿತು. ಪ್ರಾಥಮಿಕ ಡಿಕ್ರಿಯ ನಂತರ ಪ್ರತ್ಯೇಕ ಅರ್ಜಿಗಾಗಿ ಕಾಯದೆ ನ್ಯಾಯಾಲಯಗಳೇ ಅಂತಿಮ ಡಿಕ್ರಿಯ ವಿಚಾರಣೆಗೆ ಮುಂದಾಗಬೇಕೆಂದು 2022ರಲ್ಲಿ ನಿರ್ದೇಶಿಸಿತು. ಅಂತಿಮ ಡಿಕ್ರಿಯ ಅಮಲ್ಜಾರಿಗಾದರೋ 12 ವರ್ಷದ ಗಡುವು ಇದೆ. ಆ ಅವಧಿ ಡಿಕ್ರಿಯ ದಿನಾಂಕದಿಂದಲೇ ಎಣಿಕೆಯಾಗುತ್ತದೆ, ಛಾಪಾ ಕಾಗದದ ಮೇಲೆ ಬರೆಸಿದ ದಿನದಿಂದ ಅಲ್ಲ. ಎರಡು ಡಿಕ್ರಿಗಳ ನಡುವೆ ಯಾರಾದರೂ ಸತ್ತರೆ, ಕಾನೂನು ಬದಲಾದರೆ ಅಂಶಗಳನ್ನು ತಿದ್ದಿ ಇನ್ನೊಂದು ಪ್ರಾಥಮಿಕ ಡಿಕ್ರಿ ಮಾಡಬಹುದೆಂದು 1967ರಷ್ಟು ಹಿಂದೆಯೇ ಫೂಲ್‌ಚಂದ್ ಪ್ರಕರಣದಲ್ಲಿ ತೀರ್ಮಾನವಾಗಿದೆ.

ಕಾನೂನು ಬದಲಾದದ್ದಂತೂ ನಿಜ. ಮೈಸೂರು ಸಂಸ್ಥಾನ 1933ರಲ್ಲಿಯೇ ತಾಯಿ, ವಿಧವೆ, ಅವಿವಾಹಿತ ಹೆಣ್ಣುಮಕ್ಕಳಿಗೆ ಪಾಲಿನಲ್ಲಿ ಅಂಶ ಕೊಡುವ ಶಾಸನ ಮಾಡಿತ್ತು. ಕರ್ನಾಟಕದ ತಿದ್ದುಪಡಿ ಹೆಣ್ಣುಮಕ್ಕಳನ್ನು ಹುಟ್ಟಿನಿಂದಲೇ ಸಹದಾಯಾದಿಗಳೆಂದು 1994ರ ಜುಲೈ 30ರಿಂದ ಗುರುತಿಸಿತು. ಆದರೆ ಆ ದಿನಕ್ಕೆ ಮೊದಲೇ ಮದುವೆಯಾದವರನ್ನು ಹೊರಗಿಟ್ಟಿತು. ಒಂದೇ ಮನೆಯಲ್ಲಿ ಅಕ್ಕನಿಗೆ ಇಲ್ಲ, ತಂಗಿಗೆ ಉಂಟು. 2005ರ ಸೆಪ್ಟೆಂಬರ್ 9ರಂದು ಜಾರಿಗೆ ಬಂದ ಕೇಂದ್ರದ ತಿದ್ದುಪಡಿ ಈ ಭೇದವನ್ನು ತೆಗೆಯಿತು. ಅಂದು ತಂದೆ ಬದುಕಿರಬೇಕಿತ್ತೆ ಎಂಬ ಪ್ರಶ್ನೆಗೆ 2015ರ ಪ್ರಕಾಶ್-ಫೂಲಾವತಿ ತೀರ್ಪು ಹೌದೆಂದಿತು, 2018ರ ದಾನಮ್ಮ ತೀರ್ಪು ಬೇರೆ ದಿಕ್ಕಿಗೆ ತಿರುಗಿತು. ಇವೆರಡೂ ಕರ್ನಾಟಕದಿಂದ ಹೋದ ಪ್ರಕರಣಗಳು. 2020ರ ಆಗಸ್ಟ್ 11ರಂದು ವಿನೀತಾ ಶರ್ಮಾ ಪ್ರಕರಣದಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ, ಹಕ್ಕು ಹುಟ್ಟಿನಿಂದ ಬರುವುದರಿಂದ ತಂದೆ ಬದುಕಿರಬೇಕಾಗಿಲ್ಲ ಎಂದು ನಿರ್ಣಯಿಸಿತು. 2004ರ ಡಿಸೆಂಬರ್ 20ಕ್ಕೆ ಮೊದಲು ಆದ ಪಾಲುಗಳಿಗೆ, ವಿಲೇವಾರಿಗಳಿಗೆ ಮಾತ್ರ ರಕ್ಷಣೆಯಿದೆ. ಈ ಹದಿನೈದು ವರ್ಷಗಳಲ್ಲಿ ಒಂದೇ ದಾವೆ ಮೂರು ಬಗೆಯ ಉತ್ತರ ಪಡೆದಿರಬಹುದಾಗಿತ್ತು. ಇಲ್ಲಿ ಮರುದಾವೆಯನ್ನು ಕಲಹಪ್ರಿಯರ ಚಟವೆಂದು ತಳ್ಳಿಹಾಕುವುದು ಅನ್ಯಾಯ. ಮೊದಲ ದಾವೆಯಲ್ಲಿ ಹೆಸರೇ ಇಲ್ಲದಿದ್ದ ಹೆಣ್ಣುಮಗಳಿಗೆ ಎರಡನೆಯ ದಾವೆಯೇ ಮೊದಲನೆಯದು.

ಮಾತಿನ ಪಾಲು

ವಿನೀತಾ ಶರ್ಮಾ ತೀರ್ಪಿನ ಇನ್ನೊಂದು ಭಾಗ ಜಾನಪದ ವಿದ್ವಾಂಸರನ್ನು ನೇರವಾಗಿ ತಟ್ಟಬೇಕು. ಬಾಯಿಮಾತಿನ ಪಾಲಾಗಿದೆ ಎಂಬ ವಾದವನ್ನು ಮೌಖಿಕ ಸಾಕ್ಷ್ಯವೊಂದರಿಂದಲೇ ಒಪ್ಪುವಂತಿಲ್ಲ. ಸಾರ್ವಜನಿಕ ದಾಖಲೆಗಳ ಬೆಂಬಲವಿರುವ ಅಪವಾದದ ಸಂದರ್ಭದಲ್ಲಿ ಮಾತ್ರ ಪರಿಗಣಿಸಬಹುದು ಎಂದು ಅದು ಹೇಳಿತು. ಕಾರಣ ಸ್ಪಷ್ಟವಾಗಿದೆ. ಹೆಣ್ಣುಮಕ್ಕಳ ಹಕ್ಕನ್ನು ತಪ್ಪಿಸಲು, ಎಂದೂ ಆಗದ ಪಾಲನ್ನು ಆಗಿತ್ತೆಂದು ಹೇಳುವ ಸಾಕ್ಷಿಗಳಿಗೆ ಕೊರತೆಯಿಲ್ಲ. ಆದರೆ ಮೌಖಿಕ ಪಾಲು ನಮ್ಮ ಗ್ರಾಮೀಣ ಸಮಾಜದ ನಿಜವಾದ ಸಂಸ್ಥೆಯೂ ಆಗಿತ್ತು. ಮನೆದೇವರಿಗೆ ಕೈಮುಗಿದು ಹಿರಿಯರ ಸಮಕ್ಷಮ ಪಾಲು ಮಾಡುತ್ತಿದ್ದರು. ಹಿರಿಯವನು ಭಾಗ ಮಾಡಿದರೆ ಕಿರಿಯವನು ಮೊದಲು ಆರಿಸಿಕೊಳ್ಳುವುದು, ಇಲ್ಲವೆ ಏನೂ ಅರಿಯದ ಮಗುವಿನ ಕೈಯಿಂದ ಚೀಟಿ ಎತ್ತಿಸುವುದು, ಕೊಟ್ಟಿಗೆಯ ದನಗಳಿಂದ ಅಡುಗೆಯ ಪಾತ್ರೆಗಳ ತನಕ ಜೋಡಿಸಿಟ್ಟು ಹಂಚುವುದು, ಅಂದಿನಿಂದ ಬೇರೆ ಒಲೆ ಹೂಡುವುದು, ಇವೆಲ್ಲ ಊರು ಕಣ್ಣಾರೆ ಕಂಡ ಸಂಕೇತಗಳು. ನ್ಯಾಯಾಲಯಕ್ಕೆ ಬೇರೆ ಒಲೆ ಪಾಲಿನ ಪೂರ್ಣ ಸಾಕ್ಷ್ಯವಲ್ಲ; ಅತ್ತೆ ಸೊಸೆಯರ ಜಗಳದಿಂದಲೂ ಒಲೆ ಬೇರೆಯಾಗಬಹುದು.

ಇಂಥ ಪಾಲಿನಲ್ಲಿ ಉದ್ದೇಶಪೂರ್ವಕವಾಗಿ ಹಂಚದೆ ಬಿಡುವ ಕೆಲವಿರುತ್ತವೆ. ಬಾವಿ, ಅದಕ್ಕೆ ಹೋಗುವ ದಾರಿ, ಕಣ, ಹಿತ್ತಿಲಿನ ಹುಣಿಸೆ ಮರ, ದೇವರ ಕೋಣೆ, ಹಿರಿಯರ ಸಮಾಧಿ. ಬಾವಿಯ ನೀರಿಗೆ ಸರದಿ, ಹುಣಿಸೆಗೆ ವರ್ಷಕ್ಕೊಬ್ಬರು, ದೇವರಿಗೆ ಪೂಜೆಯ ಪಾಳಿ. ಒಡೆದ ಕುಟುಂಬವನ್ನು ವರ್ಷಕ್ಕೆ ಕೆಲವು ಸಲವಾದರೂ ಒಂದೆಡೆ ತರಲೆಂದು ಉಳಿಸಿಕೊಂಡ ಗಂಟುಗಳು ಇವು ಎಂದು ನಾನು ತಿಳಿಯುತ್ತೇನೆ. ಮುಂದಿನ ತಲೆಮಾರಿನ ದಾವೆಗಳ ಷೆಡ್ಯೂಲಿನಲ್ಲಿ ಮೊದಲು ಕಾಣಿಸಿಕೊಳ್ಳುವುದೂ ಇವೇ. ಕೆಲವು ಸ್ವತ್ತುಗಳನ್ನು ಬಿಟ್ಟು ಪಾಲು ಕೇಳುವ ದಾವೆ ಸಾಮಾನ್ಯವಾಗಿ ನಿಲ್ಲದು ಎಂಬ ನಿಯಮದಿಂದಾಗಿ, ಬಾವಿಯ ನೀರಿನ ಸಣ್ಣ ತಕರಾರು ಇಡೀ ಪಾಲನ್ನೇ ಕೆದಕುತ್ತದೆ. ಊರ ಸಮೀಪ ರಸ್ತೆ ಬಂದು ಕಣದ ಜಾಗಕ್ಕೆ ಬೆಲೆ ಏರಿದಲ್ಲಿ ಈ ಕೆದಕುವಿಕೆಗೆ ಬೇರೆ ಪ್ರೇರಣೆ ಬೇಕಾಗುವುದಿಲ್ಲ.

ಕಾನೂನಿನಿಂದ ಗಡುವು ಮೀರಿದ ಹಕ್ಕಿಗೆ ಊರಿನಲ್ಲಿ ಇನ್ನೊಂದು ಬಾಳುವೆಯಿದೆ. ಆಣೆ ಪ್ರಮಾಣಗಳು, ಶಾಪದ ಐತಿಹ್ಯಗಳು ಅದರ ರೂಪಗಳು. ಒಡಹುಟ್ಟಿದವಳ ಕಣ್ಣೀರು ಬಿದ್ದ ಹೊಲ ಬೆಳೆಯದು, ಪಾಲು ತಪ್ಪಿಸಿದ ಮನೆಯಲ್ಲಿ ಸಂತಾನ ನಿಲ್ಲದು ಎಂಬ ಕತೆಗಳನ್ನು ಕ್ಷೇತ್ರಕಾರ್ಯ ಮಾಡಿದವರೆಲ್ಲ ಕೇಳಿರುತ್ತಾರೆ. ಅಣ್ಣತಮ್ಮಂದಿರು ದೇವರ ಮೇಲೆ ಆಣೆಯಿಟ್ಟು ಮಾತು ನೀರು ಬಿಟ್ಟಿದ್ದರೆ, ಎಷ್ಟೋ ವರ್ಷದ ಮೇಲೆ ಮನೆಯಲ್ಲಿ ಕಾಯಿಲೆ ಕಾಣಿಸಿಕೊಂಡಾಗ ಮಕ್ಕಳು ಮೊಮ್ಮಕ್ಕಳು ಕೂಡಿ ಹೋಗಿ ಆ ಆಣೆಯನ್ನು ಬಿಡಿಸಿಕೊಂಡು ಬರುತ್ತಾರೆ. ಇಲ್ಲಿ ಕಾಲ ಹಕ್ಕನ್ನು ಅಳಿಸುವುದಿಲ್ಲ, ಬಾಕಿಯಾಗಿ ಉಳಿಸುತ್ತದೆ. ಇಂಥ ಕತೆಗಳನ್ನು ಮೂಢನಂಬಿಕೆಯ ಪಟ್ಟಿಗೆ ಸೇರಿಸುವ ಮುನ್ನ, ದಾವೆ ಹೂಡಲಾರದ ಹೆಂಗಸಿಗೆ ಶಾಪವೊಂದೇ ಗಡುವಿಲ್ಲದ ಪರಿಹಾರವಾಗಿತ್ತು ಎಂಬುದನ್ನು ನೆನೆಯಬೇಕು. ಸೋದರಿಯರಿಂದ ಹಕ್ಕುಬಿಡುಗಡೆ ಪತ್ರಕ್ಕೆ ಸಹಿ ಹಾಕಿಸುವಾಗ ಸೀರೆ ಕುಪ್ಪಸವಿಟ್ಟು ಮಡಿಲು ತುಂಬುವುದು ಆ ಭಯಕ್ಕೆ ಮಾಡಿಕೊಂಡ ಶಾಂತಿಯೂ ಹೌದೆಂದು ತೋರುತ್ತದೆ.

ವಂಶಾವಳಿಯ ಪ್ರಶ್ನೆಯೊಂದು ಉಳಿದಿದೆ. ಪಾಲಿನ ದಾವೆಯಲ್ಲಿ ವಾದಪತ್ರದ ಮೊದಲ ಪುಟದಲ್ಲಿಯೇ ವಂಶವೃಕ್ಷ ಬರಬೇಕು. ಮೂರು ನಾಲ್ಕು ತಲೆಮಾರಿನ ಹಿಂದಿನ ಸಂಬಂಧವನ್ನು ಕಂಡು ಹೇಳುವ ಸಾಕ್ಷಿ ಬದುಕಿರುವುದಿಲ್ಲ. ಸತ್ತವರು ಸಂಬಂಧದ ಬಗ್ಗೆ ಹೇಳಿದ ಮಾತನ್ನೂ, ಸಂಬಂಧವನ್ನು ಬಲ್ಲವರ ನಡವಳಿಕೆಯಿಂದ ವ್ಯಕ್ತವಾದ ಅಭಿಪ್ರಾಯವನ್ನೂ 1872ರ ಸಾಕ್ಷ್ಯ ಅಧಿನಿಯಮದ 32 ಮತ್ತು 50ನೆಯ ಕಲಮುಗಳು ಸಾಕ್ಷ್ಯವೆಂದು ಒಪ್ಪಿದ್ದವು. 2024ರ ಜುಲೈ 1ರಿಂದ ಅದರ ಸ್ಥಾನಕ್ಕೆ ಬಂದ ಭಾರತೀಯ ಸಾಕ್ಷ್ಯ ಅಧಿನಿಯಮದಲ್ಲೂ ಆ ನಿಯಮಗಳು ಮುಂದುವರಿದಿವೆ. ಮೌಖಿಕ ಪರಂಪರೆಗೆ ಕಾನೂನು ಬಿಟ್ಟಿರುವ ಕಿರುಬಾಗಿಲು ಇದು. ಎತ್ತಿನ ಮೇಲೆ ಕುಳಿತು ಊರೂರು ಸುತ್ತಿ ಒಕ್ಕಲು ಮನೆತನಗಳ ವಂಶಾವಳಿ ಹೇಳುವ ಹೆಳವರು ಈ ಬಾಗಿಲಿನ ಹೊರಗೆ ಬಹುಕಾಲದಿಂದ ನಿಂತಿದ್ದಾರೆ. ಮೂಲಪುರುಷ ಯಾವ ಊರಿನಿಂದ ಬಂದನು, ಎಷ್ಟು ಮಕ್ಕಳು, ಯಾರು ಎಲ್ಲಿಗೆ ಹೋಗಿ ನೆಲಸಿದರು ಎಂಬುದನ್ನು ಅವರು ಹಾಡಿ ಹೇಳುತ್ತಾರೆ. ಹೊಸದಾಗಿ ಹುಟ್ಟಿದವರ ಹೆಸರನ್ನು ತಮ್ಮ ಹೊತ್ತಿಗೆಗೆ ಸೇರಿಸಿಕೊಂಡು ದವಸ, ಕಾಣಿಕೆ ಪಡೆದು ಮುಂದೆ ಸಾಗುತ್ತಾರೆ. ಬೃಹಸ್ಪತಿಯ ನಿಯಮದ ಏಳನೆಯ ತಲೆಮಾರಿನವನು ಮರಳಿ ಬಂದರೆ ಅವನ ಹುಟ್ಟನ್ನೂ ಹೆಸರನ್ನೂ ಖಚಿತಪಡಿಸಬಲ್ಲವರು ಇವರೇ.

ಆದರೆ ಹೆಳವರ ವಂಶಾವಳಿ ಬಹುಮಟ್ಟಿಗೆ ಗಂಡುಸಂತತಿಯ ಎಳೆಯನ್ನು ಹಿಡಿದು ಸಾಗುತ್ತದೆ. ಹೆಣ್ಣು ಬೇರೆ ಮನೆಯ ಎಳೆಗೆ ಸೇರಿದವಳೆಂಬ ಭಾವನೆ ಅದರ ರಚನೆಯಲ್ಲಿಯೇ ಇದೆ. ಪೌತಿ ಖಾತೆಗಾಗಿ ನಾಡಕಚೇರಿಗೆ ಸಲ್ಲಿಸುವ ವಂಶವೃಕ್ಷಗಳಲ್ಲಿಯೂ ಹೆಣ್ಣುಮಕ್ಕಳ ಹೆಸರನ್ನು ಕೈಬಿಡುವುದು ಹೊಸತಲ್ಲ. ಅಂಥ ಒಂದು ಹಾಳೆಯ ಆಧಾರದ ಮೇಲೆ ಖಾತೆಯಾಗಿ, ಕ್ರಯವಾಗಿ, ಕೊಂಡವನು ಮನೆ ಕಟ್ಟಿದ ಮೇಲೆ ಬಿಟ್ಟುಹೋದ ಹೆಸರಿನವಳು ನ್ಯಾಯಾಲಯಕ್ಕೆ ಬರುತ್ತಾಳೆ. ತಾನು ಹೊರಗಿಡಲ್ಪಟ್ಟದ್ದು ಆ ಹಾಳೆಯ ನಕಲು ಕೈಗೆ ಬಂದ ದಿನವೇ ತನಗೆ ತಿಳಿಯಿತೆಂದು ಅವಳು ಹೇಳುತ್ತಾಳೆ. ಹನ್ನೆರಡು ವರ್ಷದ ಎಣಿಕೆ ಅಲ್ಲಿಂದ ಮೊದಲಾಗುತ್ತದೆಯೇ ಎಂಬುದು ಆ ದಾವೆಯ ಮೊದಲ ವಿವಾದಾಂಶವಾಗುತ್ತದೆ.